ಓಗೊಡದ ತಿರುವು

ಆ ಬೆಟ್ಟದ ಬುಡದಲ್ಲಿ ಡೋಲಿ ಹೊರುವವರು ಈ ಸಂಗತಿಯನ್ನು ಇಂದಿಗೂ ಹೇಳುತ್ತಾರೆ. ಕೆಲವರು ಸಾವಿನಿಂದ ಶುರುಮಾಡುತ್ತಾರೆ, ಕೆಲವರು ಹರಕೆಯಿಂದ. ದಾರಿಯಿಂದ ಶುರುಮಾಡುವುದು ಮೇಲು. ದಾರಿಯ ರೀತಿ ತಿಳಿಯದವರಿಗೆ ಆಮೇಲೆ ನಡೆದದ್ದು ತಿಳಿಯುವುದಿಲ್ಲ.

ಬೆಟ್ಟ ಒಂದು, ನೆತ್ತಿಯ ಮೇಲಿನ ಬಂಡೆಯೂ ಒಂದು; ಆ ಬಂಡೆಯಲ್ಲಿ ಕೊರೆದ ಬಾಗಿಲುಗಳು ಮಾತ್ರ ಮೂರು. ಮೂರು ಮತದವರು ಒಂದೇ ದಾರಿಯಲ್ಲಿ ಹತ್ತಿ, ಕೊನೆಗೆ ತಮ್ಮ ತಮ್ಮ ಬಾಗಿಲಿಗೆ ಹೊರಳಿಕೊಳ್ಳುತ್ತಾರೆ. ಕೆಲವರು ಬರಿಗಾಲಲ್ಲಿ, ಕೆಲವರು ಹೊಲಿಗೆಯಿಲ್ಲದ ಬಿಳಿಬಟ್ಟೆಯಲ್ಲಿ, ಕೆಲವರು ತಲೆ ಬೋಳಿಸಿಕೊಂಡು, ಕೆಲವರು ಮಣಿ ಎಣಿಸುತ್ತ, ಇನ್ನು ಕೆಲವರು ಮೊಣಕಾಲೂರಿಕೊಂಡು. ಕಾಲಿನ ಕಸುವು ಉಡುಗಿದವರು ಡೋಲಿಯಲ್ಲಿ. ಡೋಲಿಯೆಂದರೆ ಎರಡು ಬಿದಿರುಗಳ ನಡುವೆ ಬಿಗಿದ ಕುರ್ಚಿ. ಹೊರಲು ಮುಂದೊಬ್ಬ, ಹಿಂದೊಬ್ಬ. ಮುಂದಿನವನನ್ನು ಮುಂಗೋಲು ಎಂದೂ ಹಿಂದಿನವನನ್ನು ಹಿಂಗೋಲು ಎಂದೂ ಕರೆಯುವುದು ಅಲ್ಲಿಯ ವಾಡಿಕೆ. ಹೊರುವವರು ಯಾರನ್ನೂ ‘ಯಾವ ಬಾಗಿಲು’ ಎಂದು ಕೇಳುವುದಿಲ್ಲ. ಕಡಿದಾದ ಏರು ಬಂದಾಗ ಮೂರು ಬಾಗಿಲಿನವರೂ ಬಿದಿರನ್ನು ಒಂದೇ ರೀತಿ ತಬ್ಬಿಕೊಳ್ಳುತ್ತಾರೆಂಬುದು ಅವರ ಹೆಗಲಿಗೆ ಗೊತ್ತು.

ಹಿಂಗೋಲಿನವನಿಗೆ ಕಾಣುವುದು ಕುರ್ಚಿಯಲ್ಲಿ ಕೂತವರ ಬೆನ್ನು ಮಾತ್ರ. ಆದ್ದರಿಂದ ಮುಂಗೋಲಿನವನು ಕೂಗುತ್ತ ಹೋಗುತ್ತಾನೆ. ಕಲ್ಲು ಬಂದರೆ ಕಲ್ಲು, ಹಳ್ಳ ಬಂದರೆ ಹಳ್ಳ, ತಿರುವು ಬಂದರೆ ತಿರುವು. ಹಿಂದಿನವನು ಅದೇ ಮಾತನ್ನು ಮರಳಿ ಕೂಗಿ ಓಗೊಡುತ್ತಾನೆ. ಓಗೊಟ್ಟ ಮೇಲೆಯೇ ಮುಂದಿನ ಹೆಜ್ಜೆ. ಆ ದಾರಿಯಲ್ಲಿ ದೇವರ ಹೆಸರಿಗಿಂತ ಹೆಚ್ಚಾಗಿ ಕೇಳಿಬರುವುದು ಈ ಕೂಗು.

ಇಂಥ ಒಂದು ಡೋಲಿಯನ್ನು ಅಣ್ಣ ತಮ್ಮ ಇಬ್ಬರು ಹೊರುತ್ತಿದ್ದರು. ಅಣ್ಣ ಮುಂಗೋಲು, ತಮ್ಮ ಹಿಂಗೋಲು. ಅಣ್ಣನ ಬಾಯಿ ದೊಡ್ಡದು. ತಮ್ಮನದು ಮೆದು ಮನಸ್ಸು. ಯಾರ ಕಣ್ಣಲ್ಲಿ ನೀರು ಕಂಡರೂ ಕರಗುವವನು.

“ಇಳಿಯೋವಾಗ ಇವರ ಮುಖ ನೋಡಿದೀಯೇನೋ?” ಎಂದು ಅಣ್ಣ ಆಗಾಗ ಕೇಳುತ್ತಿದ್ದ. “ಹೆರಿಗೆ ಆದವರ ಮುಖ ಇದ್ದ ಹಾಗಿರುತ್ತೆ. ಎಲ್ಲ ಹಗುರ. ಬುಡಕ್ಕೆ ಬಂದ ತಕ್ಷಣ ಮೊದಲು ಕೇಳೋದು ಊಟ, ಆಮೇಲೆ ಜಗಳ.”

“ಮೇಲೆ ಏನು ಮಾಡ್ತಾರೆ ಅಣ್ಣ ಒಳಗೆ?”

“ನನಗೇನು ಗೊತ್ತು? ನಾನು ಹೊಸ್ತಿಲ ತನಕದ ಕತ್ತೆ.”

ಒಂದು ಮುಂಜಾನೆ, ಮಳೆಗಾಲಕ್ಕೆ ಮೊದಲಿನ ಮಂಜಿನ ದಿನಗಳಲ್ಲಿ, ವಯಸ್ಸಾದ ಯಾತ್ರಿಕರೊಬ್ಬರು ಬಂದರು. ದೂರದ ಪಟ್ಟಣದಲ್ಲಿ ಹಲ್ಲು ಕಟ್ಟುವವರು. ಬೊಚ್ಚು ಬಾಯಿಗಳಿಗೆ ಹಲ್ಲಿನ ಸೆಟ್ಟು ಮಾಡಿಕೊಡುವುದು ಅವರ ಕಸುಬು. ಉಬ್ಬಸದ ರೋಗಿಯಾದ್ದರಿಂದ ಏರು ಹತ್ತಲಾರರು. ಅವರದು ಮೌನದ ಹರಕೆ. ಮನೆಯ ಬಾಗಿಲು ದಾಟಿದಾಗಿನಿಂದ ಬೆಟ್ಟದ ಬಾಗಿಲು ಮುಟ್ಟುವವರೆಗೆ ಬಾಯಲ್ಲೂ ಮಾತಿಲ್ಲ, ಬೆರಳಲ್ಲೂ ಬರಹವಿಲ್ಲ. ಜೊತೆಗೆ ಬಂದಿದ್ದ ಸಂಬಂಧಿಕ ಅವರ ಪರವಾಗಿ ಒಂದು ಷರತ್ತು ಹೇಳಿದ: ಹೊರುವವರೂ ಸದ್ದು ಮಾಡಬಾರದು. ಅವರ ಕಿವಿಗೆ ಮನುಷ್ಯರ ಮಾತು ಬೀಳಬಾರದು.

“ಇದೆಂಥ ಮೂಗರ ಮೆರವಣಿಗೆ?” ಎಂದು ಅಣ್ಣ ಸಿಡುಕಿದ. “ಕೂಗದೆ ಹತ್ತೋ ದಾರಿನಾ ಇದು? ಬೇರೆಯವರನ್ನ ನೋಡ್ಕೊಳ್ಳಲಿ.”

ಯಾತ್ರಿಕರ ಮುಖವನ್ನು ತಮ್ಮ ನೋಡಿದ. ಆ ಮುಖ ಬೇಡುತ್ತಿತ್ತು. “ಹೋಗಲಿ ಬಿಡಣ್ಣ,” ಎಂದ. “ಒಂದು ದಿನ ನಿನ್ನ ಬಾಯಿ ಮುಚ್ಚಿದ್ರೆ ಬೆಟ್ಟಕ್ಕೂ ಪುಣ್ಯ ಬರುತ್ತೆ. ಬಿದಿರು ತಟ್ಟು ಸಾಕು. ಕಲ್ಲಿಗೆ ಒಂದು, ತಿರುವಿಗೆ ಎರಡು. ನನ್ನ ಹೆಗಲಿಗೆ ಗೊತ್ತಾಗುತ್ತೆ.”

ಅಣ್ಣ ಗೊಣಗುತ್ತಲೇ ಒಪ್ಪಿದ. ಸಂಬಂಧಿಕ ಬುಡದ ತಂಗುಮನೆಯಲ್ಲೇ ಉಳಿದ.

ನೆತ್ತಿ ಇನ್ನೇನು ಬಂತು ಎನ್ನುವಾಗ ಒಂದು ತಿರುವು ಸಿಗುತ್ತದೆ. ಬೆಟ್ಟ ಅಲ್ಲಿ ಮೂಗಿನಂತೆ ಚಾಚಿಕೊಂಡಿದೆ. ಮೂಗಿನ ಎರಡೂ ಬದಿ ಇಳಿಜಾರು. ಮಂಜು ಕವಿದಿತ್ತು. ಅಣ್ಣ ಬಿದಿರನ್ನು ಎರಡು ಸಲ ತಟ್ಟಿದ. ತಟ್ಟುಗಳು ಒತ್ತೊತ್ತಾಗಿ ಬಂದವು; ತಮ್ಮನ ಹೆಗಲಿಗೆ ಅವು ಒಂದೇ ಎನಿಸಿದವು. ಕಲ್ಲು ಎಂದುಕೊಂಡು ಕಾಲನ್ನು ಎತ್ತರಿಸಿ, ನೇರವಾಗಿ ಮುಂದಕ್ಕೆ ಹಾಕಿದ. ಅಣ್ಣ ಅಷ್ಟರಲ್ಲಿ ತಿರುಗಿದ್ದ. ಬಿದಿರು ತಮ್ಮನ ಕತ್ತಿನ ಚರ್ಮ ಕಿತ್ತುಕೊಂಡು ಜಾರಿತು. ಕುರ್ಚಿ, ಯಾತ್ರಿಕರು, ಅಣ್ಣ ಎಲ್ಲ ಒಟ್ಟಿಗೆ ಮಂಜಿನೊಳಕ್ಕೆ ಹೋದರು. ಆಗಲೂ ಯಾರ ಬಾಯಿಂದಲೂ ಒಂದು ಸದ್ದು ಬರಲಿಲ್ಲ. ಅದು ತಮ್ಮನನ್ನು ಬಹಳ ದಿನ ಕನಸಿನಲ್ಲಿ ಕಾಡಿತು.

ಅವನು ಕೂಗಿದ. ‘ಅಣ್ಣಾ’ ಎಂದು ಗಂಟಲು ಹರಿಯುವಂತೆ ಕೂಗಿದ. ಓಗೊಡುವವರಿಲ್ಲ. ಯಾವ ಬದಿಗೆ ಬಿದ್ದರೆಂದು ಕಾಣದೆ ಬಲಗಡೆಯ ಇಳಿಜಾರಿಗಿಳಿದು ಪೊದೆ ಪೊದೆಯಲ್ಲಿ ಕೈಯಾಡಿಸಿ ಹುಡುಕಿದ. ಮಂಜು ಹರಿದು ಬಿಸಿಲು ಬಿದ್ದಾಗ ಇಬ್ಬರೂ ಎಡಗಡೆ ಕಂಡರು. ಅಣ್ಣನ ಪ್ರಾಣ ಹೋಗಿತ್ತು. ಹಲ್ಲು ಕಟ್ಟುವವರು ಕಾಲು ಮುರಿದುಕೊಂಡು ಅವನ ಪಕ್ಕದಲ್ಲೇ ಬಿದ್ದಿದ್ದರು. ಕಣ್ಣು ತೆರೆದಿತ್ತು, ಬಾಯಿ ಬಿಗಿದಿತ್ತು. ಪೆಟ್ಟಿನಿಂದ ಪ್ರಜ್ಞೆ ಮಂಕಾಗಿರಬೇಕು ಎಂದು ಎಲ್ಲರೂ ಅಂದುಕೊಂಡರು.

ಹೊರುವವರೆಲ್ಲ ಕೂಡಿ ವಿಚಾರಿಸಿದರು. ತಮ್ಮ ಒಂದನ್ನೂ ಮುಚ್ಚಿಡಲಿಲ್ಲ. ಒಪ್ಪಿಸಿದ್ದು ತಾನು, ತಟ್ಟು ತಪ್ಪಾಗಿ ತಿಳಿದದ್ದೂ ತಾನು ಎಂದ. ಹಿರಿಯರು ತಲೆಯಾಡಿಸಿ, “ಮಂಜು ಕಣಪ್ಪಾ, ನೀನೇನು ಮಾಡ್ತೀಯ,” ಎಂದರು. ಎಲ್ಲವನ್ನೂ ಮಂಜಿನ ತಲೆಗೆ ಕಟ್ಟಿ ಎದ್ದುಹೋದರು. ಬೈಯುತ್ತಾರೆ, ಹೊರಗೆ ಹಾಕುತ್ತಾರೆ ಎಂದು ಕಾದು ಕುಳಿತವನಿಗೆ ಬೆನ್ನು ತಟ್ಟಿದ್ದು ಬರೆ ಎಳೆದಂತಾಯಿತು.

ಅಂದಿನಿಂದ ಅವನು ಬಿದಿರು ಮುಟ್ಟಲಿಲ್ಲ. ತಂಗುಮನೆಗೆ ನೀರು ಹೊರುತ್ತ ಕಾಲ ತಳ್ಳಿದ. ತಪ್ಪು ಮಾಡಿದವರೆಲ್ಲ ದೂರದೂರದಿಂದ ಈ ಬೆಟ್ಟಕ್ಕೆ ಬರುತ್ತಾರೆ. ಅವನು ಎಲ್ಲಿಗೆ ಹೋಗಬೇಕು? ಒಮ್ಮೆ ಬರಿಗಾಲಲ್ಲಿ ಹತ್ತಿ ನೋಡಿದ. ಕಾಲಿಗೆ ಪ್ರತಿ ಕಲ್ಲೂ ಪರಿಚಯ. ದೇಹಕ್ಕೆ ದಣಿವಿಲ್ಲ, ಮನಸ್ಸಿಗೆ ಬೆರಗಿಲ್ಲ. ಬೇರೆಯವರ ಪುಣ್ಯಕ್ಷೇತ್ರ ಅವನಿಗೆ ಕೆಲಸದ ಜಾಗ. ತಿರುವಿನ ಹತ್ತಿರ ಬಂದವನು ಹಾಗೆಯೇ ಹಿಂದಿರುಗಿದ.

ಅತ್ತಿಗೆ ತಂಗುಮನೆಯಲ್ಲಿ ಹಾಸುಹೊದಿಕೆ ಒಗೆಯುವ ಕೆಲಸದವಳು. ಅವಳು ಮೈದುನನನ್ನು ಒಂದು ದಿನವೂ ದೂರಲಿಲ್ಲ. ಆದರೆ ಊಟಕ್ಕೆ ಕೂತರೆ ಅವಳ ತುತ್ತು ಕೈಯಲ್ಲೇ ಉಳಿಯುತ್ತಿತ್ತು. ವರ್ಷ ಹೊರಳುವ ಹೊತ್ತಿಗೆ ಅರ್ಧವಾಗಿದ್ದಳು. ಒಂದು ದಿನ ತೊಟ್ಟಿಯ ಕಟ್ಟೆಯ ಮೇಲೆ ಕೂತು ಹೇಳಿದಳು:

“ಹೋಗಿದ್ದಕ್ಕೆ ಅಳೋದು ಮುಗೀತು ತಮ್ಮಾ. ಆದ್ರೆ ಕೊನೇಲಿ ಏನಂದ್ರು ಅಂತ ಗೊತ್ತಾಗಲಿಲ್ಲವಲ್ಲ, ಅದು ಗಂಟಲಲ್ಲಿ ಮುಳ್ಳಾಗಿ ಕೂತಿದೆ. ನಿಮ್ಮಣ್ಣ ನಿದ್ದೇಲೂ ಮಾತಾಡೋರು. ಏನೂ ಹೇಳದೆ ಹೋಗ್ತಾರಾ? ಪಕ್ಕದಲ್ಲಿ ಇದ್ದೋರು ಅವರೊಬ್ಬರೇ. ಹೋಗಿ ಕೇಳ್ಕೊಂಡು ಬಾ.”

“ಅವರು ಆವತ್ತೇ ಬಾಯಿ ಬಿಡಲಿಲ್ಲ ಅತ್ತಿಗೆ.”

“ಆವತ್ತು ಬಿಡಲಿಲ್ಲ, ಈಗ ಬಿಡ್ತಾರೆ. ಅವರ ಹೆಂಡತಿ ಕರ್ಕೊಂಡು ಹೋಗೋಕೆ ಬಂದಾಗ ನನ್ನ ಹತ್ರ ಕೂತು ಬೀದಿ, ಮನೆ, ಮಗಳು, ಎಲ್ಲ ಹೇಳಿದ್ದಾಳೆ. ಬೀಗದ ಕೈ ಎಲ್ಲಿಡ್ತಾಳೆ ಅನ್ನೋದೊಂದು ಹೇಳಲಿಲ್ಲ.”

ಅವನು ಹೊರಟ. ಬಸ್ಸಿನಲ್ಲಿದ್ದವರೆಲ್ಲ ಬೆಟ್ಟದಿಂದ ಮರಳುತ್ತಿದ್ದ ಯಾತ್ರಿಕರು. ತೊಡೆಯ ಮೇಲೆ ಗಂಟುಗಳು, ಮುಖದ ಮೇಲೆ ನೆಮ್ಮದಿ. ಪಕ್ಕದ ಮುದುಕ, “ನಿಮ್ಮದು ಚೆನ್ನಾಗಿ ಆಯ್ತಾ?” ಎಂದು ವಿಚಾರಿಸಿದ. “ಈಗ ಹೊರಟಿದೀನಿ,” ಎಂದ ತಮ್ಮ. ಮುದುಕ ಇವನಿಗೆ ತಲೆ ಸರಿಯಿಲ್ಲವೆಂದುಕೊಂಡು ಕಿಟಕಿಯ ಕಡೆ ತಿರುಗಿದ. ಊರು ಹಿಂದಾದಂತೆ ತಮ್ಮನ ಕೈ ಎದುರಿನ ಸೀಟಿನ ಕಂಬಿಯನ್ನು ಬಿಗಿಹಿಡಿಯಿತು. ಗುರುತಿಲ್ಲದ ರಸ್ತೆ, ಗುರುತಿಲ್ಲದ ಮುಖ, ಕೇಳಬೇಕಾದ ಒಂದೇ ಒಂದು ಪ್ರಶ್ನೆ. ಇಷ್ಟು ವರ್ಷ ಕುರ್ಚಿಯಲ್ಲಿ ಕೂತವರ ಬೆನ್ನು ಏಕೆ ಹಾಗೆ ನಡುಗುತ್ತಿತ್ತೆಂದು ಅವನಿಗೆ ಆಗ ತಿಳಿಯಿತು.

ಹಲ್ಲು ಕಟ್ಟುವವರ ಮನೆ ಒಂದು ಹಳೆಯ ಕಟ್ಟಡದ ಕೆಳ ಅಂತಸ್ತು. ಮುಂದಿನ ಕೋಣೆಯೇ ಕಾರ್ಖಾನೆ. ಗೋಡೆಯುದ್ದಕ್ಕೂ ಹಲಗೆಗಳು, ಹಲಗೆಗಳ ಮೇಲೆ ಪ್ಲಾಸ್ಟರಿನಲ್ಲಿ ಎರಕ ಹೊಯ್ದ ದವಡೆಗಳು. ಕೆಲವು ಬಾಯಿ ತೆರೆದಿದ್ದವು, ಕೆಲವು ಕಚ್ಚಿಕೊಂಡಿದ್ದವು. ಸಾಣೆ ಯಂತ್ರದ ಸುತ್ತ ಬಿಳಿ ಪುಡಿ. ಸಣ್ಣ ದೀಪದ ಮೇಲೆ ಕರಗುವ ಗುಲಾಬಿ ಮೇಣದ ವಾಸನೆ. ಮುದುಕರು ಸ್ಟೂಲಿನ ಮೇಲೆ ಕೂತು ಮೇಣದಲ್ಲಿ ಹಲ್ಲು ನೆಡುತ್ತಿದ್ದರು. ಮುರಿದ ಕಾಲು ನೇರವಾಗಿ ಚಾಚಿಕೊಂಡಿತ್ತು, ಊರುಗೋಲು ಮೂಲೆಯಲ್ಲಿತ್ತು. ಬಾಗಿಲಲ್ಲಿ ನಿಂತವನನ್ನು ನೋಡಿ ಅವರ ಕೈಯಲ್ಲಿದ್ದ ಹಲ್ಲು ಮೇಜಿನ ಮೇಲೆ ಬಿತ್ತು.

ಅವರ ಹೆಂಡತಿ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದಳು. ಬೆಟ್ಟದಿಂದ ಬಂದವನೆಂದು ತಿಳಿದದ್ದೇ ತಡ, ಅವನ ಕೈ ಹಿಡಿದು ಕೂರಿಸಿದಳು.

“ಬನ್ನಿಪ್ಪಾ, ನೀವಾದ್ರೂ ಮಾತಾಡಿ. ಈ ಮನೇಲಿ ನಾನೊಬ್ಬಳೇ ರೇಡಿಯೋ. ಊರಿನವರಿಗೆಲ್ಲ ಬಾಯಿ ಕಟ್ಟಿಕೊಡ್ತಾರೆ, ತಮ್ಮ ಬಾಯಿಗೆ ಮಾತ್ರ ಬೀಗ.”

“ಇನ್ನೂ ಮಾತಾಡಲ್ವಾ ಅಮ್ಮ?”

“ಬಾಗಿಲು ಮುಟ್ಟಲಿಲ್ಲವಲ್ಲ, ಹರಕೆ ತೀರಲಿಲ್ಲವಂತೆ. ಯಾರು ಹೇಳಿದ್ರು? ಯಾರೂ ಹೇಳಲಿಲ್ಲ. ನಮ್ಮ ಗುರುಗಳನ್ನ ಕೇಳಿದೆ. ಮನಸ್ಸು ತಡೀದೆ ಉಳಿದ ಎರಡು ಬಾಗಿಲಿನ ಹಿರಿಯರನ್ನೂ ಹುಡುಕ್ಕೊಂಡು ಹೋಗಿ ಕೇಳಿದೆ. ಮೂವರೂ ಒಂದೇ ಮಾತು ಅಂದ್ರು: ಆಪತ್ತಲ್ಲಿ ಮುರಿದ ಹರಕೆಗೆ ದೇವರು ಮುನಿಯೋದಿಲ್ಲ ಅಂತ. ಮೂರು ಮತ ಒಪ್ಪಿದ್ರೂ ಇವರೊಬ್ಬರು ಒಪ್ಪಲಿಲ್ಲ.”

ಮುದುಕರು ತಲೆ ತಗ್ಗಿಸಿಕೊಂಡು ಬಿದ್ದ ಹಲ್ಲನ್ನು ಹುಡುಕುತ್ತಿದ್ದರು.

“ಯಾಕೆ ಹೊತ್ತ ಹರಕೆ ಅದು?” ಎಂದ ತಮ್ಮ.

“ಮಗಳಿಗೋಸ್ಕರ. ಸಿಟ್ಟಲ್ಲಿ ಒಂದು ಮಾತು ಅಂದ್ರು. ನೀನು ನಮ್ಮ ಪಾಲಿಗೆ ಸತ್ತೆ ಅಂದ್ರು. ಅವಳು ಆವತ್ತೇ ಚೀಲ ಎತ್ತಿಕೊಂಡು ಹೋದಳು, ತಿರುಗಿ ಬರಲಿಲ್ಲ. ಅವಳಿರೋದು ಎಲ್ಲಿ ಗೊತ್ತಾ? ಇದೇ ಊರಲ್ಲಿ, ನದಿ ಆಚೆ. ಸೇತುವೆ ದಾಟಿ ಹೋಗಿ, ತಪ್ಪಾಯ್ತು ಕಣಮ್ಮಾ ಅಂದಿದ್ರೆ ಮುಗೀತಿತ್ತು. ಸೇತುವೆ ದಾಟೋಕೆ ಆಗದ ಮನುಷ್ಯ ಬೆಟ್ಟ ಹತ್ತೋಕೆ ಹೊರಟರು!” ಅವಳು ಸೆರಗಿನಿಂದ ಕಣ್ಣೊರೆಸಿಕೊಂಡಳು. “ಕೂತಿರಿ, ಚಹಾ ತರ್ತೀನಿ. ಹಾಲು ಮುಗಿದಿದೆ, ಅಂಗಡಿಗೆ ಹೋಗಿ ಬರ್ತೀನಿ. ಇವರ ಜೊತೆ ಹರಟೆ ಹೊಡೀತಾ ಇರಿ.”

ಬಾಗಿಲು ಮುಚ್ಚಿಕೊಂಡಿತು. ದೀಪ ಸಣ್ಣಗೆ ಉರಿಯುತ್ತಿತ್ತು. ತಮ್ಮ ನೆಲದ ಮೇಲೆ ಕೂತ. ಮುಖ ನೋಡಿ ಮಾತಾಡಲು ಅವನಿಗೆ ಬಾರದು. ಜೀವಮಾನವೆಲ್ಲ ಬೆನ್ನಿನ ಜೊತೆ ಮಾತಾಡಿದವನು.

“ನಾನು ಜಗಳಕ್ಕೆ ಬಂದಿಲ್ಲ ಸ್ವಾಮಿ,” ಎಂದ. “ತಪ್ಪು ನನ್ನದು. ನಿಮ್ಮ ಹರಕೆಗೆ ಅಣ್ಣನನ್ನ ಒಪ್ಪಿಸಿದೋನು ನಾನು, ತಟ್ಟು ತಪ್ಪಾಗಿ ತಿಳ್ಕೊಂಡೋನೂ ನಾನು. ನಿಮ್ಮ ಕಾಲು ಮುರಿದದ್ದೂ ನನ್ನಿಂದ. ಅತ್ತಿಗೆ ಊಟ ಮಾಡ್ತಿಲ್ಲ. ಅಣ್ಣ ಕೊನೇಲಿ ಏನಂದ ಅನ್ನೋದು ಅವರಿಗೆ ಬೇಕು. ನೀರು ಅಂದನಾ? ಅವರನ್ನ ಕರೆದನಾ? ನನ್ನನ್ನ ಬೈದನಾ? ಬೈದಿದ್ರೆ ಅದೂ ಆಗಬಹುದು. ಒಂದು ಮಾತು ಸಾಕು. ನಿಮ್ಮ ಹರಕೆ ಮುರಿದ ಪಾಪ ನಾನು ಹೊರ್ತೀನಿ. ಹೊರೋದೇ ನನ್ನ ಕೆಲಸ.”

ಮುದುಕರು ಬಿದ್ದ ಹಲ್ಲನ್ನು ಎತ್ತಿ ಮೇಣದಲ್ಲಿ ನೆಡತೊಡಗಿದರು. ತಮ್ಮ ಎದ್ದು ನಿಂತು ಬಾಗಿಲ ಕಡೆ ಹೆಜ್ಜೆ ಹಾಕಿದ. ಆಗ ಅವರು ದೀಪವನ್ನು ಆರಿಸಿದರು.

“ಏನೂ ಹೇಳಲಿಲ್ಲ,” ಎಂದರು.

ಬಳಸದೆ ತುಕ್ಕು ಹಿಡಿದ ದನಿ. ತಮ್ಮ ತಿರುಗಿದ.

“ಏನೂ ಹೇಳಲಿಲ್ಲ. ಹೇಳೋಕೆ ಆಗ್ತಿರಲಿಲ್ಲ. ಎದೆಗೆ ಪೆಟ್ಟಾಗಿತ್ತು, ಉಸಿರಿತ್ತು, ದನಿ ಇರಲಿಲ್ಲ. ನೀವು ಮೇಲೆ ಕೂಗ್ತಾ ಇದ್ದಿರಿ. ಅವರಿಗೂ ಕೇಳಿಸ್ತಿತ್ತು, ನನಗೂ ಕೇಳಿಸ್ತಿತ್ತು. ನೀವು ಆ ಕಡೆ ಇಳಿದು ಹೋಗೋ ಸದ್ದೂ ಕೇಳಿಸ್ತು. ಅವರು ನನ್ನ ಮುಖ ನೋಡಿದ್ರು.”

“ಯಾಕೆ?”

“ನೀವಾದ್ರೂ ಕೂಗಿ ಅಂತ ನನಗೆ ಹೇಳೋಕೆ. ಮತ್ಯಾಕೆ ನೋಡ್ತಾರೆ? ನನ್ನ ತೋಳು ಹಿಡಿದು ಅಲ್ಲಾಡಿಸಿದ್ರು. ನನಗೆ ಪ್ರಜ್ಞೆ ಇತ್ತು. ಗಂಟಲೂ ಇತ್ತು.”

“ಕೂಗಲಿಲ್ವಾ ನೀವು?”

“ಇನ್ನು ಸ್ವಲ್ಪವೇ ದಾರಿ ಉಳಿದಿತ್ತು. ಇಷ್ಟು ದೂರ ಕಾಪಾಡಿಕೊಂಡು ಬಂದದ್ದು ಈಗ ಕೆಡಬಾರದು ಅನ್ನಿಸ್ತು. ಇದು ಪರೀಕ್ಷೆ, ದೇವರೇ ನೋಡ್ತಿದಾನೆ, ಗೆದ್ದರೆ ಮಗಳು ಬರ್ತಾಳೆ ಅಂದ್ಕೊಂಡೆ. ನೀವು ಹೇಗೂ ಈ ಕಡೆಗೆ ಬಂದೇ ಬರ್ತೀರಿ ಅಂದ್ಕೊಂಡೆ. ಬಾಯಿ ಕಚ್ಚಿ ಹಿಡಿದೆ. ನನ್ನ ತೋಳು ಹಿಡಿದ ಕೈ ಸಡಿಲ ಆಯ್ತು. ಆಮೇಲೆ ಮಾತಾಡೋಕೆ ಏನು ಉಳಿದಿತ್ತು? ಹರಕೆ ಮುಗಿದಿಲ್ಲ ಅಂತ ಹೇಳ್ಕೊಂಡು ಕೂತೆ. ಹರಕೆ ಇದ್ದರೆ ಯಾರೂ ಕೇಳೋ ಹಾಗಿಲ್ಲವಲ್ಲ.”

ಹೇಳಿ ಮುಗಿಸಿ ಅವರು ಒಂದು ದೀರ್ಘ ಉಸಿರು ಬಿಟ್ಟರು. ಹೆಗಲು ಇಳಿಯಿತು, ಹಣೆಯ ಗಂಟು ಸಡಿಲಿತು. ಆ ಮುಖವನ್ನು ತಮ್ಮ ಬಲ್ಲ. ಬಾಗಿಲೊಳಗೆ ಹೋಗಿ ಹೊರಬಂದವರ ಮುಖ ಅದು. ಮುದುಕರ ಯಾತ್ರೆ ಈ ಕೋಣೆಯಲ್ಲಿ, ಈ ಪ್ಲಾಸ್ಟರಿನ ದವಡೆಗಳ ನಡುವೆ ಮುಗಿದಿತ್ತು. ಅವರು ತಮ್ಮ ಹೊರೆಯನ್ನು ಇಳಿಸಿದ್ದರು; ಇಳಿಸಿದ ಜಾಗ ತಾನು ಎಂಬುದು ಅವನಿಗೆ ಕಾಲಿನ ಭಾರದಿಂದಲೇ ತಿಳಿಯಿತು.

ಕೈ ಎತ್ತಬೇಕೆನಿಸಿತು. ಮುದುಕರು ಕೆನ್ನೆ ಒಡ್ಡಿಕೊಂಡೇ ಕೂತಿದ್ದರು. ಅವನು ಕೈ ಎತ್ತಲಿಲ್ಲ; ಹೊಡೆದರೆ ಅವರು ಇನ್ನಷ್ಟು ಹಗುರವಾಗುತ್ತಿದ್ದರು.

“ಮಗಳ ಹತ್ರ ಹೋಗ್ತೀರಾ?” ಎಂದ ಕೊನೆಗೆ.

“ಈಗ ಹೋಗಬಹುದು ಅನ್ನಿಸುತ್ತೆ,” ಎಂದರು ಅವರು ನಾಚುತ್ತ.

ಅಷ್ಟರಲ್ಲಿ ಹೆಂಡತಿ ಹಾಲಿನ ಪಾತ್ರೆ ಹಿಡಿದು ಬಂದಳು. ಬಾಗಿಲಲ್ಲೇ ಗಂಡನ ದನಿ ಕಿವಿಗೆ ಬಿದ್ದಿತ್ತು. ಪಾತ್ರೆಯನ್ನು ನೆಲಕ್ಕಿಟ್ಟು, ಅಲ್ಲೇ ಕುಸಿದು ಕೂತು, ನಗುತ್ತಲೂ ಅಳುತ್ತಲೂ, “ಬೆಟ್ಟದ ದೇವರು ತಾನಾಗೇ ಇಳಿದು ಮನೆಗೆ ಬಂದ ಹಾಗೆ ಬಂದ್ರಲ್ಲಪ್ಪಾ ನೀವು! ಏನಂದ್ರು? ಮೊದಲನೇ ಮಾತು ಏನಂದ್ರು?” ಎಂದು ತಮ್ಮನ ಕಾಲು ಮುಟ್ಟಲು ಬಾಗಿದಳು. ಅವನು ಕಾಲು ಹಿಂದಕ್ಕೆಳೆದುಕೊಂಡ. ಚಹಾ ಕಾಯುವವರೆಗೆ ನಿಲ್ಲಲಿಲ್ಲ.

ಮರಳುವ ಬಸ್ಸಿನ ತುಂಬ ಬೆಟ್ಟಕ್ಕೆ ಹೊರಟವರಿದ್ದರು. ಮೂರು ಬಾಗಿಲಿನವರೂ ಒತ್ತಿಕೊಂಡು ಕೂತು, ತಮ್ಮ ತಮ್ಮ ಹಾಡುಗಳನ್ನು ಹೇಳಿಕೊಳ್ಳುತ್ತಿದ್ದರು. ಅವನು ಅತ್ತಿಗೆಗೆ ಹೇಳಬೇಕಾದ ಮಾತನ್ನು ಮನಸ್ಸಿನಲ್ಲೇ ಹೇಳಿ ನೋಡಿದ. ಅಣ್ಣನಿಗೆ ಜೀವ ಇತ್ತು. ನಾನು ಕೂಗಿದ್ದು ಕೇಳಿಸುತ್ತಿತ್ತು. ಕಾಯುತ್ತಿದ್ದ. ಒಂದು ಮುಳ್ಳು ತೆಗೆಯಲು ಹೋದವನು ಚೂರಿ ತಂದಂತಾಗಿತ್ತು.

ಅತ್ತಿಗೆ ತಂಗುಮನೆಯ ಹಿತ್ತಲಲ್ಲಿ ಒಣಗಿದ ಹೊದಿಕೆಗಳನ್ನು ಮಡಚುತ್ತಿದ್ದಳು. ಅವನನ್ನು ಕಂಡು ಒಂದು ಹೊದಿಕೆಯ ತುದಿಯನ್ನು ಅವನ ಕೈಗೆ ಕೊಟ್ಟಳು. ಇಬ್ಬರೂ ಎಳೆದು ನೇರ ಮಾಡಿದರು.

“ಏನಂದ್ರು?” ಎಂದಳು, ಹೊದಿಕೆಯ ಆಚೆ ತುದಿಯಿಂದ.

“ಅಣ್ಣನಿಗೆ ಏನೂ ಗೊತ್ತಾಗಲಿಲ್ಲವಂತೆ ಅತ್ತಿಗೆ. ಬಿದ್ದ ತಕ್ಷಣ ಹೋಗಿಬಿಟ್ಟಿದ್ನಂತೆ. ಮಾತಾಡೋಕೆ ಸಮಯವೇ ಇರಲಿಲ್ಲವಂತೆ.”

ಅವಳು ಹೊದಿಕೆಯನ್ನು ಎದೆಗೊತ್ತಿಕೊಂಡು ನಿಂತಳು. ಅವಳ ಕಣ್ಣು ತುಂಬಿ ಬಂತು. ಹಾಗೆಯೇ ತುಟಿಯೂ ಸಡಿಲಿತು.

“ನೋವು ತಿನ್ನಲಿಲ್ಲ ಅಂತಾಯ್ತು.”

“ಇಲ್ಲ.”

“ನಿನ್ನ ಕೂಗು ಕೇಳಿಸಿ, ಓಗೊಡೋಕೆ ಆಗದೆ ಒದ್ದಾಡಿದ್ರೇನೋ ಅಂತ ನನಗೆ ದಿನಾ ಅನ್ನಿಸ್ತಿತ್ತು ಕಣೋ. ನಿನ್ನ ಹತ್ರ ಹೇಳಿರಲಿಲ್ಲ. ಹೇಳಿದ್ರೆ ನೀನು ಉಳೀತಿರಲಿಲ್ಲ.”

ಅವನು ಮಡಿಕೆಯ ಗೆರೆಯನ್ನು ಬೆರಳಿನಿಂದ ತೀಡಿದ. ಗೆರೆ ಆಗಲೇ ನೇರವಾಗಿತ್ತು.

ಆ ಮಧ್ಯಾಹ್ನ ಅವಳು ತಟ್ಟೆ ಖಾಲಿಯಾಗುವಂತೆ ಉಂಡಳು. ಉಂಡು, ಕೈ ತೊಳೆದು, ಬಾಗಿಲಿಗೆ ಒರಗಿ ಕೂತವಳು ಯೋಚಿಸಿ ಹೇಳಿದಳು:

“ಪಾಪ, ಅವರು ಒಳ್ಳೆಯವರು. ನನಗೋಸ್ಕರ ಹರಕೆ ಮುರಿದು ಮಾತಾಡಿದ್ರಲ್ಲ. ಅವರ ಬೆಟ್ಟ ಅರ್ಧಕ್ಕೆ ನಿಂತಿದೆ. ಇವತ್ತಲ್ಲ ನಾಳೆ ಬಂದೇ ಬರ್ತಾರೆ. ಬೇರೆ ಯಾರ ಹೆಗಲಿಗೂ ಬಿಡಬೇಡ, ನೀನೇ ಹೊತ್ಕೊಂಡು ಹೋಗು. ಕೊನೇ ಗಳಿಗೇಲಿ ನಿಮ್ಮಣ್ಣನ ಪಕ್ಕದಲ್ಲಿ ಇದ್ದ ಜೀವ ಅದು.”

ಅವನು ನೀರಿನ ಕೊಡವನ್ನು ಎತ್ತಿಕೊಂಡ, ಕೆಳಗಿಟ್ಟ, ಮತ್ತೆ ಎತ್ತಿಕೊಂಡ.

“ಕೇಳಿಸ್ತಾ?” ಎಂದಳು ಅತ್ತಿಗೆ.

“ಆಗಲಿ ಅತ್ತಿಗೆ.”

ಮುದುಕರು ಮತ್ತೆ ಬಂದರೆಂದು ಹೇಳುವವರಿದ್ದಾರೆ, ಬರಲೇ ಇಲ್ಲವೆನ್ನುವವರೂ ಇದ್ದಾರೆ. ಆ ಭಾಗ ಹೇಳುವವರ ಬಾಯಲ್ಲಿ ಬದಲಾಗುತ್ತದೆ. ತಮ್ಮ ಮರುದಿನವೇ ಬಿದಿರಿಗೆ ಹೆಗಲು ಕೊಟ್ಟನೆಂಬುದನ್ನು ಮಾತ್ರ ಎಲ್ಲರೂ ಒಂದೇ ರೀತಿ ಹೇಳುತ್ತಾರೆ. ಬಸ್ಸು ಬಂದು ನಿಂತಾಗ ಉಳಿದ ಹೊರುವವರು ಮುನ್ನುಗ್ಗಿ ಕೂಗಿ ಕರೆಯುತ್ತಿದ್ದರೆ, ಅವನು ಗೋಡೆಯ ಮರೆಯಲ್ಲಿ ನಿಂತು, ಊರುಗೋಲೊಂದನ್ನು ಹುಡುಕುವವನಂತೆ, ಮೆಟ್ಟಿಲಿಳಿಯುವವರ ಕಾಲುಗಳನ್ನು ಒಂದೊಂದಾಗಿ ನೋಡುತ್ತಿದ್ದನಂತೆ.